ಮಂಡಿಪೇಟೆ ಪ್ರಿಂಟಿಂಗ್ ಅಂಗಡೀಲಿ ಕೋರೆಷನ ಚಾರ್ಟ್ ಮಾಡಿಸಿದ್ದು

ದಾವಣಗೆರೆ ಮಂಡಿಪೇಟೆ ಒಳಗೆ ಮೊದಲನೇ ಮಹಡೀಲಿರೋ ಈ ಪ್ರಿಂಟಿಂಗ್ ಅಂಗಡಿಗೆ ನಾನು ಹೋಗಿದ್ದು ಒಂದೇ ಕೆಲಸಕ್ಕೆ, 8 ಅಡಿ ಉದ್ದ 4 ಅಡಿ ಎತ್ತರದ ಒಂದು ಬಟ್ಟೆ ಚಾರ್ಟ್. ಮದುವೆ ಬ್ಯಾನರ್ ಅಲ್ಲ, ಬರ್ತ್‌ಡೇ ಬ್ಯಾನರ್ ಅಲ್ಲ, ಯೆಹೂದ್ಯರು ಬಾಬೆಲಿನ ಸೆರೆಯಿಂದ ವಾಪಸ್ ಯೆರೂಸಲೇಮಿಗೆ ಬಂದ ಕಥೆ, ಪರ್ಷಿಯಾ ರಾಜರ ಕಾಲದ್ದು, ನಕ್ಷೆ ಸಮೇತ. ನಾನು ಹೈಸ್ಕೂಲಲ್ಲಿ ಸಮಾಜ ವಿಜ್ಞಾನ ಹೇಳ್ಕೊಡ್ತೀನಿ, ಭಾನುವಾರ ನಮ್ಮ ಚರ್ಚಲ್ಲಿ ಸಂಡೆಸ್ಕೂಲ್ ತಗೋತೀನಿ. ಹುಡುಗ್ರು ಶಾಲೆ ಕಡೆ ಇತಿಹಾಸದಲ್ಲಿ ಸೈರಸ್, ಡೇರಿಯಸ್ ಅಂತ ಓದ್ತಾರೆ, ಚರ್ಚಲ್ಲಿ ಕೋರೆಷ, ದಾರ್ಯಾವೆಷ ಅಂತ ಕೇಳ್ತಾರೆ, ಸೈರಸ್ಸೇ ಕೋರೆಷ, ಡೇರಿಯಸ್ಸೇ ದಾರ್ಯಾವೆಷ ಅಂತ ಒಂಬತ್ತನೇ ಕ್ಲಾಸಿನ ಹುಡುಗಿಗೂ ಗೊತ್ತಿರ್ಲಿಲ್ಲ. ಅವತ್ತು ನಂಗೆ ನಿಜವಾಗ್ಲೂ ಬೇಜಾರಾಯ್ತು, ಇಷ್ಟು ವರ್ಷ ಹೇಳ್ಕೊಟ್ಟಿದ್ದೇನು ಅನ್ನಿಸ್ತು. ಅದಕ್ಕೇ ಎರಡೂ ಹೆಸ್ರು ಅಕ್ಕಪಕ್ಕ ಇರೋ ಒಂದು ಚಾರ್ಟ್ ಗೋಡೆ ಮೇಲೆ ಇರ್ಲೇಬೇಕು ಅಂತ ಗಟ್ಟಿ ಮನಸ್ಸು ಮಾಡ್ದೆ.

ಇದಕ್ಕೂ ಮುಂಚೆ ಬೇರೆ ಕಡೆ ಒಂದ್ಸಲ ಮಾಡಿಸಿದ್ದೆ, ಅಂಗಡಿ ಹೆಸ್ರು ಹೇಳಲ್ಲ. ನಾನು ಫೋನಲ್ಲಿ ಯೂನಿಕೋಡ್‌ನಲ್ಲಿ ಟೈಪ್ ಮಾಡಿ ಕಳಿಸಿದ್ದನ್ನ ಅವ್ರು ನುಡಿ ಫಾಂಟಿಗೆ ಹಾಕ್ದಾಗ ಒತ್ತಕ್ಷರ ಎಲ್ಲ ಚೆಲ್ಲಾಪಿಲ್ಲಿ ಆಗಿ, ಯೆಹೂದ್ಯರನ್ನ ಸೆರೆ ಒಯ್ದ ಬಾಬೆಲಿನ ರಾಜ ನೆಬೂಕದ್ನೆಚ್ಚರ ಅನ್ನೋ ಹೆಸ್ರಲ್ಲಿ ನ ಒತ್ತು ಚ ಒತ್ತು ಎರಡೂ ಪಕ್ಕಕ್ಕೆ ಜಾರಿ, ಪರ್ಷಿಯಾದ ರಾಜ ಅರ್ತಷಸ್ತನ ಅರ್ಕಾವತ್ತು ಎಲ್ಲೋ ಹೋಗಿ ಕೂತು, ಅದಕ್ಕಿಂತ ದೊಡ್ಡದಾಗಿ ಕ್ರಿ.ಪೂ. 539 ಅಂತ ಇದ್ದಿದ್ದನ್ನ ಕ್ರಿ.ಶ. 539 ಅಂತ ಮಾಡಿಬಿಟ್ಟಿದ್ರು. ಸಾವಿರ ವರ್ಷಕ್ಕೂ ಮೇಲೆ ಹೆಚ್ಚುಕಮ್ಮಿ! ತೋರಿಸಿದ್ರೆ, ಯಾರು ಓದ್ತಾರೆ ಬಿಡಿ ಮೇಡಂ ಅಂದ್ರು. ಓದಕ್ಕೇ ಅಲ್ವಾ ಮಾಡಿಸೋದು? ದುಡ್ಡು ಹೋಯ್ತು, ಅದನ್ನ ಮಡಚಿ ಅಟ್ಟದ ಮೇಲೆ ಹಾಕ್ದೆ.

ಇಲ್ಲಿ ಹಂಗಲ್ಲ. ಇಲ್ಲಿ ಕಂಪ್ಯೂಟರ್ ಮುಂದೆ ಕೂರೋ ಹುಡುಗ, ಇಪ್ಪತ್ತೈದರ ಒಳಗೆ ಇರ್ಬೇಕು, ಮೊದ್ಲು ಕೇಳಿದ್ದೇ ಮೇಡಂ ಯಾವ ಫಾಂಟಲ್ಲಿ ಐತೆ ಅಂತ. ಯೂನಿಕೋಡ್ ಅಂದೆ, ಹಂಗಾದ್ರೆ ಕನ್ವರ್ಟ್ ಮಾಡಲ್ಲ ಅದ್ರಲ್ಲೇ ಇಡೋಣ ಅಂದ. ಒಂದೊಂದೇ ಹೆಸ್ರನ್ನ ಸ್ಕ್ರೀನ್ ಮೇಲೆ ದೊಡ್ಡದು ಮಾಡಿ, ಅರ್ತಷಸ್ತ ಅನ್ನೋದ್ರ ಅರ್ಕಾವತ್ತು ತ ಮೇಲೆ ಕೂತೈತಾ, ವಾಪಸ್ ಬಂದ ಮೊದಲ ಗುಂಪಿನ ಮುಖಂಡ ಜೆರುಬ್ಬಾಬೆಲನ ಬ ಒತ್ತು ಕೆಳಗೆ ಸರಿಯಾಗಿ ಬಂದೈತಾ ಅಂತ ಬೆರಳಿಟ್ಟು ತೋರಿಸಿ, ಸರಿ ಅಂದ್ಮೇಲೇನೇ ಮುಂದಕ್ಕೆ ಹೋಗ್ತಿದ್ದ. ಈ ಒಂದು ಕಾರಣಕ್ಕೇ ನಾನು ಇಷ್ಟುದ್ದ ಬರೀತಿರೋದು. ಅಕ್ಷರದ ಮೇಲೆ ಮರ್ಯಾದೆ ಇರೋ ಜಾಗ ಇದು.

ರೇಟ್ ಹೇಳ್ಬಿಡ್ತೀನಿ, ಬಟ್ಟೆ ಮೇಲೆ ಚದರಡಿಗೆ 45 ರೂಪಾಯಿ, ಡಿಸೈನಿಗೆ 400, ನಂದು ಒಟ್ಟು 1,840 ಆಯ್ತು. ಪ್ಲಾಸ್ಟಿಕ್ ಫ್ಲೆಕ್ಸ್ ನಂಗೆ ಬೇಡ ಅಂದಿದ್ದೆ, ಹತ್ತಿ ಮಿಲ್ಲುಗಳ ಊರಲ್ಲಿ ಹುಟ್ಟಿ ಬೆಳೆದೋಳು, ನಮ್ಮಪ್ಪ ಮಿಲ್ಲಲ್ಲಿ ದುಡಿದೋರು, ಗೋಡೆಗೆ ಬಟ್ಟೇನೇ ಇರ್ಲಿ.

ಮೊದಲ ಪ್ರೂಫಲ್ಲಿ ನಕ್ಷೆ ತಪ್ಪಿತ್ತು. ಬಾಬೆಲಿಂದ ಯೆರೂಸಲೇಮಿಗೆ ಸ್ಕೇಲ್ ಇಟ್ಟಂಗೆ ಒಂದು ಗೆರೆ ಎಳೆದಿದ್ದ. ಹಂಗೆ ಹೋಗಕ್ಕಾಗಲ್ಲಪ್ಪ, ನಡುವೆ ಇರೋದು ಮರುಭೂಮಿ, ನೀರಿಲ್ಲ, ಯೂಫ್ರೆಟಿಸ್ ನದಿ ಗುಂಟ ಮೇಲಕ್ಕೆ ಸಿರಿಯಾದವರೆಗೆ ಹೋಗಿ ಆಮೇಲೆ ದಮಸ್ಕದ ಕಡೆ ಕೆಳಕ್ಕೆ ಇಳೀಬೇಕು ಅಂದೆ. ನೇರ ಅಳತೆ 800 ಕಿ.ಮೀ. ಮೇಲೆ ಬಂದ್ರೆ ಸುತ್ತಿನ ದಾರಿ ಸುಮಾರು 1,400 ಕಿ.ಮೀ. ಎಷ್ಟೋ ವರ್ಷ ಆದ್ಮೇಲೆ ಇನ್ನೊಂದು ಗುಂಪು ಕರ್ಕೊಂಡು ಬಂದ ಯಾಜಕ ಎಜ್ರ ಹೊರಟಿದ್ದು ಮೊದಲನೇ ತಿಂಗಳ ಮೊದಲನೇ ದಿನ, ಮುಟ್ಟಿದ್ದು ಐದನೇ ತಿಂಗಳ ಮೊದಲನೇ ದಿನ, ನಾಲ್ಕು ತಿಂಗಳು, ಹೆಂಗಸರು ಮಕ್ಕಳು ಬೆಳ್ಳಿ ಬಂಗಾರ ಎಲ್ಲ ಕಟ್ಕೊಂಡು. ದಾರೀಲಿ ಕಾವಲಿಗೆ ಕುದುರೆ ಸವಾರರನ್ನ ಕೊಡಿ ಅಂತ ರಾಜನ ಹತ್ರ ಕೇಳಕ್ಕೆ ನಾಚಿಕೆ ಆಯ್ತು ಅಂತ ಅವ್ನೇ ಬರ್ಕೊಂಡಿದ್ದಾನೆ, ನಮ್ಮ ದೇವ್ರು ಕಾಯ್ತಾನೆ ಅಂತ ರಾಜಂಗೆ ಮುಂಚೇನೇ ಹೇಳ್ಬಿಟ್ಟಿದ್ನಲ್ಲ. ಆ ಮಾತು ಓದಿದಾಗೆಲ್ಲ ನಂಗೆ ಆ ಮನುಷ್ಯ ತೀರಾ ಹತ್ರದೋನು ಅನ್ನಿಸ್ತಾನೆ. ಹುಡುಗ ಕೇಳಿಸ್ಕೊಂಡು ಗೆರೆ ಅಳಿಸಿ ನದಿ ಪಕ್ಕದಲ್ಲಿ ಹೊಸದಾಗಿ ಎಳೆದು, ನಡುವೆ ಮರುಭೂಮಿಗೆ ಮರಳಿನ ಬಣ್ಣ ತುಂಬಿದ. ಅದಕ್ಕೆ ಎಕ್ಸ್‌ಟ್ರಾ ತಗೊಳ್ಳಿಲ್ಲ.

ಇನ್ನೊಂದು ವಿಷ್ಯ ಹೇಳ್ಲೇಬೇಕು. ಬೈಬಲಿನ ಎಜ್ರನ ಪುಸ್ತಕದ ಎರಡನೇ ಅಧ್ಯಾಯದಲ್ಲಿ, ಎಜ್ರಂಗಿಂತ ಮುಂಚೆ ಜೆರುಬ್ಬಾಬೆಲನ ಜೊತೆ ವಾಪಸ್ ಬಂದೋರ ದೊಡ್ಡ ಪಟ್ಟಿ ಐತೆ, ಇಂಥ ಮನೆತನದೋರು ಇಷ್ಟು ಜನ, ಇಂಥ ಊರಿನೋರು ಇಷ್ಟು ಜನ ಅಂತ. ಅದನ್ನ ಟೇಬಲ್ ಮಾಡಿ ಚಾರ್ಟಿನ ಬಲಗಡೆ ಹಾಕಿ ಅಂತ ಬರ್ಕೊಟ್ಟು ಬಂದಿದ್ದೆ. ಅವತ್ತು ರಾತ್ರಿ ಒಂಬತ್ತೂವರೆಗೆ ಫೋನು. ಮೇಡಂ ಟೋಟಲ್ ಬರ್ತಿಲ್ಲ, ನಾನು ಎರಡು ಸಲ ಕೂಡಿದೆ, ನೀವು 42,360 ಅಂತ ಬರ್ದೀರಾ, ನಂಗೆ 29,818 ಬರ್ತಾ ಐತೆ, ಯಾವ್ದೋ ಒಂದು ಸಾಲು ಬಿಟ್ಟೋಗೈತೆ ನೋಡಿ ಅಂದ! ಯಾವ ಪ್ರಿಂಟಿಂಗ್ ಅಂಗಡಿಯೋರು ಇಂಥದ್ದನ್ನ ಕೂಡಿ ನೋಡ್ತಾರೆ ಹೇಳ್ರಿ. ಸಾಲು ಬಿಟ್ಟಿಲ್ಲಪ್ಪ, ಮೂಲದಲ್ಲೇ ಹಂಗೇ ಐತೆ, ನೆಹೆಮೀಯನ ಪುಸ್ತಕದಲ್ಲೂ ಇದೇ ಪಟ್ಟಿ ಬರ್ತದೆ ಅಲ್ಲಿ ಕೂಡಿದ್ರೆ 31,089 ಆಗ್ತದೆ, ಅಲ್ಲೂ ಕೊನೇಲಿ 42,360 ಅಂತಾನೇ ಬರ್ದಿರೋದು ಅಂದೆ. ಕೋರೆಷ ವಾಪಸ್ ಕೊಟ್ಟ ದೇವಾಲಯದ ಪಾತ್ರೆಗಳ ಲೆಕ್ಕಾನೂ ಹಂಗೇ, ಒಂದೊಂದೇ ಕೂಡಿದ್ರೆ 2,499, ಒಟ್ಟು ಅಂತ ಕೊಟ್ಟಿರೋದು 5,400. ಎಷ್ಟೋ ಕೈಗಳಲ್ಲಿ ನಕಲಾಗಿ ಬಂದ ಪಟ್ಟಿ, ಹೀಬ್ರೂ ಪಂಡಿತರೇ ಇದ್ರ ಮೇಲೆ ಕೂತು ತಲೆ ಕೆಡಿಸ್ಕೊಂಡಿದ್ದಾರೆ. ಕೊನೆಗೆ ಪಟ್ಟಿ ಪೂರ್ತಿ ಹಾಕೋದು ಬೇಡ, ಒಟ್ಟು ಜನ 42,360, ದಾಸದಾಸಿಯರು 7,337, ಕುದುರೆ 736, ಹೇಸರಗತ್ತೆ 245, ಒಂಟೆ 435, ಕತ್ತೆ 6,720 ಅಂತ ಮಾತ್ರ ಹಾಕ್ಸಿದ್ವಿ. ಕತ್ತೆ ಇಷ್ಟೊಂದಾ ಅಂದ. ಸಾಮಾನು ಹೊರೋದು ಯಾರು ಮತ್ತೆ. ಇವತ್ತು ನಮ್ಮ ಹುಡುಗ್ರು ಚಾರ್ಟಲ್ಲಿ ಮೊದ್ಲು ಓದೋದೂ ಕತ್ತೆ ಲೆಕ್ಕಾನೇ, ಅಲ್ಲಿಂದ ನಾನು ಪಾಠ ಶುರು ಮಾಡ್ತೀನಿ, ಅಷ್ಟು ಪ್ರಾಣಿಗಳು ಹೋಗ್ತಿದ್ರೆ ನೀರು ಮೇವು ಎಲ್ಲಿಂದ ಅಂತ ಕೇಳ್ದಾಗ ನದಿ ಯಾಕೆ ಬೇಕಿತ್ತು ಅನ್ನೋದು ಅವ್ರೇ ಹೇಳ್ತಾರೆ.

ಚಾರ್ಟಿನ ನಡುವೆ, ಬಾಬೆಲ್ ಗೆದ್ದ ಮೇಲೆ ಕೋರೆಷ ಬರೆಸಿದ ಶಾಸನ ಇರೋ ಮಣ್ಣಿನ ಸಿಲಿಂಡರ್ ಚಿತ್ರ ಹಾಕ್ಸಿದೀನಿ, ನಾನೇ ಕೈಯಲ್ಲಿ ಬರೆದಿದ್ದು, ಅವ್ನು ಸ್ಕ್ಯಾನ್ ಮಾಡಿ ಕ್ಲೀನ್ ಮಾಡ್ಕೊಟ್ಟ. ಈ ಸಿಲಿಂಡರ್ 2013ರ ಡಿಸೆಂಬರಲ್ಲಿ ಮುಂಬೈ ಛತ್ರಪತಿ ಶಿವಾಜಿ ಮಹಾರಾಜ್ ವಸ್ತು ಸಂಗ್ರಹಾಲಯಕ್ಕೆ ಬಂದಿತ್ತು, 2014ರ ಫೆಬ್ರವರಿ ತನಕ ಇತ್ತು, ನಾನು ಜನವರೀಲಿ ಅಕ್ಕನ ಮನೆಗೆ ಹೋದಾಗ ನೋಡಿದ್ದೆ. ಬ್ರಿಟಿಷ್ ಮ್ಯೂಸಿಯಂದು, 1879ರಲ್ಲಿ ಬಾಬೆಲಿನ ಅವಶೇಷದಲ್ಲಿ ಹೊರ್ಮುಜ್ದ್ ರಸ್ಸಾಮ್ ಅನ್ನೋರ ತಂಡಕ್ಕೆ ಸಿಕ್ಕಿದ್ದು. ಇಡೀ ಸಾಮ್ರಾಜ್ಯದ ಮಾತು ಹೊತ್ತ ವಸ್ತು, ಉದ್ದ ನೋಡಿದ್ರೆ ಇಪ್ಪತ್ತೆರಡೂವರೆ ಸೆಂಟಿಮೀಟರ್, ಅಂದ್ರೆ ಸರಿಯಾಗಿ ಒಂದು ಗೇಣು. ಸುಟ್ಟ ಮಣ್ಣು, ಪೀಪಾಯಿ ಥರ ನಡುವೆ ಉಬ್ಬು, ಮೈ ತುಂಬ ಇರುವೆ ಸಾಲಿನಂಗೆ ಮೊಳೆಯಾಕಾರದ ಅಕ್ಷರ, ಒಂದು ಕಡೆ ಮುರಿದೈತೆ. ನಾನು ಗಾಜಿನ ಹೊರಗಿಂದ ನನ್ನ ಕೈ ಹಿಡಿದು ಗೇಣು ಅಳೆದಿದ್ದು ಇನ್ನೂ ನೆನಪೈತೆ. ಅದಕ್ಕೇ ಚಾರ್ಟಲ್ಲೂ ಅದೇ ಅಳತೆ ಇರ್ಬೇಕು ಅಂದೆ, ಸ್ಕ್ರೀನಲ್ಲಿ ಸರಿ ಕಂಡ್ರೂ ಬಟ್ಟೆ ಮೇಲೆ ಬಂದ್ಮೇಲೆ ಹುಡುಗ ಟೇಪ್ ಹಿಡಿದು ಅಳೆದು ತೋರಿಸಿದ, 22.5.

ಅದ್ರ ಕೆಳಗಿನ ಬರಹಕ್ಕೆ ಚರ್ಚಿನ ಒಬ್ರು ಹಿರಿಯರ ಜೊತೆ ನಂಗೆ ಸ್ವಲ್ಪ ವಾದ ಆಯ್ತು. ಯೆಹೂದ್ಯರನ್ನು ಬಿಡುಗಡೆ ಮಾಡಿದ ಶಾಸನ ಅಂತ ಹಾಕ್ಸು ಅಂದ್ರು. ಹಾಕ್ಸಲ್ಲ ಅಂದೆ. ಆ ಸಿಲಿಂಡರಲ್ಲಿ ಯೆಹೂದ್ಯರ ಹೆಸ್ರೂ ಇಲ್ಲ ಯೆರೂಸಲೇಮಿನ ಹೆಸ್ರೂ ಇಲ್ಲ. ಅಲ್ಲಿರೋದು ಬಾಬೆಲಿನ ದೇವರು ಮರ್ದೂಕ್ ಕೋರೆಷನನ್ನ ಆರಿಸಿ ಕರ್ಕೊಂಡು ಬಂದ ಅನ್ನೋದು, ಬೇರೆ ಬೇರೆ ಊರಿನ ದೇವರುಗಳನ್ನ ಅವರವರ ಗುಡಿಗೆ ವಾಪಸ್ ಕಳಿಸ್ದೆ, ಅಲ್ಲಿನ ಜನರನ್ನೂ ಸೇರಿಸಿ ಅವರವರ ನೆಲೆಗೆ ಮುಟ್ಟಿಸ್ದೆ ಅನ್ನೋದು. ಎಜ್ರನ ಪುಸ್ತಕದಲ್ಲಿ ಅದೇ ಕೋರೆಷ, ಪರಲೋಕದ ದೇವರಾದ ಯೆಹೋವನು ನಂಗೆ ರಾಜ್ಯಗಳನ್ನ ಕೊಟ್ಟ ಅಂತಾನೆ. ಬಾಬೆಲಿನೋರ ಹತ್ರ ಮರ್ದೂಕನ ಹೆಸ್ರಲ್ಲಿ, ಯೆಹೂದ್ಯರ ಹತ್ರ ಯೆಹೋವನ ಹೆಸ್ರಲ್ಲಿ. ಅದು ಪರ್ಷಿಯಾದೋರ ಆಳ್ವಿಕೆಯ ರೀತಿ, ಗೆದ್ದ ಜನರ ದೇವರನ್ನ ತುಳೀದೆ ಆ ದೇವರ ಬಾಯಲ್ಲೇ ತಮ್ಮ ಅಧಿಕಾರ ಹೇಳಿಸೋದು. ಯೆಶಾಯನ 45ನೇ ಅಧ್ಯಾಯ ಅವನನ್ನ ದೇವರ ಅಭಿಷಿಕ್ತ ಅಂತ ಕರೀತದೆ, ಯೆಹೂದ್ಯನಲ್ಲದ ರಾಜನಿಗೆ ಆ ಮಾತು! ನಂಗೆ ಅದ್ರಲ್ಲಿ ನಂಬಿಕೆ ಐತೆ, ಆದ್ರೆ ನಂಬಿಕೆ ಐತೆ ಅಂತ ಸಿಲಿಂಡರಲ್ಲಿ ಇಲ್ಲದ ಮಾತನ್ನ ಅದ್ರ ಮೇಲೆ ಬರೆಯಕ್ಕಾಗಲ್ಲ, ಮಕ್ಕಳು ನಾಳೆ ದೊಡ್ಡೋರಾಗಿ ಓದಿದಾಗ ನಮ್ಮ ಮೇಡಂ ಸುಳ್ಳು ಹೇಳಿದ್ರು ಅಂತ ಆಗಬಾರ್ದು. ಹಿರಿಯರು ಆಮೇಲೆ ಒಪ್ಕೊಂಡ್ರು.

ಸೆರೆಯಿಂದ ವಾಪಸ್ ಬಂದ್ರು ಅಂದ್ರೆ ಎಲ್ಲ ಒಂದೇ ಸಲಕ್ಕೆ ಸರಿ ಹೋಯ್ತು ಅಂತ ನಮ್ಮ ಜನ ಅಂದ್ಕೊಂಡಿರ್ತಾರೆ. ಹಂಗಾಗ್ಲಿಲ್ಲ. ಕ್ರಿ.ಪೂ. 586ರ ಸುಮಾರಿಗೆ ದೇವಾಲಯ ಸುಟ್ಟಿದ್ದು, 539ರ ಅಕ್ಟೋಬರಲ್ಲಿ ಪರ್ಷಿಯಾದ ಸೈನ್ಯ ಬಾಬೆಲಿನೊಳಗೆ ಬಂತು, ಊರಲ್ಲಿ ಯುದ್ಧ ಇಲ್ದೇನೇ ಅಂತ ಬಾಬೆಲಿನೋರದೇ ವಾರ್ಷಿಕ ದಾಖಲೆ ಹೇಳ್ತದೆ. ಮಾರನೇ ವರ್ಷ ವಾಪಸ್ ಹೋಗಿ ದೇವಾಲಯ ಕಟ್ಟಿ ಅಂತ ಕೋರೆಷನ ಅಪ್ಪಣೆ, ಅವ್ನು ನೇಮಿಸಿದ ಅಧಿಪತಿ ಶೆಷ್ಬಚ್ಚರನ ಕೈಗೆ ದೇವಾಲಯದ ಪಾತ್ರೆಗಳು. ಅಸ್ತಿವಾರ ಹಾಕ್ದಾಗ ಹಳೇ ದೇವಾಲಯ ಕಣ್ಣಾರೆ ಕಂಡಿದ್ದ ಮುದುಕರು ಗಟ್ಟಿಯಾಗಿ ಅತ್ರಂತೆ, ಚಿಕ್ಕೋರು ಖುಷಿಗೆ ಕೂಗಿದ್ರಂತೆ, ಯಾವ್ದು ಅಳು ಯಾವ್ದು ಖುಷಿ ಅಂತ ದೂರದಿಂದ ಕೇಳಿದೋರಿಗೆ ಗೊತ್ತಾಗ್ಲಿಲ್ಲವಂತೆ. ನಾನು ಇದನ್ನ ಮಕ್ಕಳಿಗೆ ಓದಿ ಹೇಳುವಾಗ ಪ್ರತಿ ಸಲ ಗಂಟಲು ಕಟ್ತದೆ. ಮಿಲ್ಲು ಮುಚ್ಚಿದ ಎಷ್ಟೋ ವರ್ಷಕ್ಕೆ ನಮ್ಮಪ್ಪನ್ನ ಆ ಗೇಟಿನ ಹತ್ರ ಕರ್ಕೊಂಡು ಹೋಗಿದ್ದೆ, ಒಳಗೆ ಹೊಸ ಕಟ್ಟಡ ಏಳ್ತಿತ್ತು, ಅಪ್ಪ ಏನೂ ಮಾತಾಡ್ಲಿಲ್ಲ, ಗೇಟಿನ ಕಬ್ಬಿಣ ಹಿಡ್ಕೊಂಡು ನಿಂತಿದ್ರು.

ಆ ದೇವಾಲಯದ ಕೆಲ್ಸ ಆಮೇಲೆ ನಿಂತೋಯ್ತು, ಹದಿನೈದು ವರ್ಷಕ್ಕೂ ಮೇಲೆ. ದಾರ್ಯಾವೆಷನ ಕಾಲದಲ್ಲಿ, 520ರಲ್ಲಿ, ಹಗ್ಗಾಯ ಜೆಕರ್ಯ ಇಬ್ರೂ ಪ್ರವಾದಿಗಳು ಎಬ್ಬಿಸಿದ್ಮೇಲೆ ಮತ್ತೆ ಶುರು. ಆಗ ಆ ಪ್ರಾಂತದ ಅಧಿಪತಿ ತತ್ತೆನೈ ಬಂದು ಕೇಳ್ದ, ಪರ್ಮಿಷನ್ ಯಾರು ಕೊಟ್ರು ಅಂತ. ಕೋರೆಷ ಕೊಟ್ಟಿದ್ದ ಅಂದ್ರು. ಪತ್ರ ಎಲ್ಲೈತೆ? ರಾಜಧಾನಿಗೆ ಬರೆದ್ರು, ಬಾಬೆಲಿನ ದಫ್ತರದಲ್ಲಿ ಹುಡುಕೋಕೆ ಹೇಳಿದ್ರು, ಕೊನೆಗೆ ಅದು ಸಿಕ್ಕಿದ್ದು ಅಹ್ಮೆತಾದ ಕೋಟೇಲಿ, ಈಗಿನ ಇರಾನಿನ ಹಮದಾನ್. ಎತ್ತರ 60 ಮೊಳ ಅಗಲ 60 ಮೊಳ, ಮೂರು ಸಾಲು ಕಲ್ಲು ಒಂದು ಸಾಲು ಮರ, ಖರ್ಚು ರಾಜನ ಖಜಾನೆಯಿಂದ ಅಂತ ಬರೆದಿಟ್ಟಿದ್ರು. ಇಪ್ಪತ್ತು ವರ್ಷ ಹಳೇ ಒಂದು ದಾಖಲೆ ಉಳಿದಿದ್ರಿಂದ ದೇವಾಲಯ ಎದ್ದಿತು, 515ರಲ್ಲಿ ಮುಗೀತು. ಈ ತತ್ತೆನೈ ಕಥೆಯೊಳಗಿನ ಪಾತ್ರ ಅಷ್ಟೇ ಅಲ್ಲ, ಕ್ರಿ.ಪೂ. 502ರ ಬಾಬೆಲಿನ ಒಂದು ಮಣ್ಣಿನ ಹಲಗೇಲಿ ಯೂಫ್ರೆಟಿಸ್ ನದಿಯಾಚೆಯ ಪ್ರಾಂತದ ಅಧಿಪತಿ ಅಂತ ಅವನ ಹೆಸ್ರು ಸಿಕ್ಕೈತೆ. ಪಹಣಿಗೋಸ್ಕರ, ಹಳೇ ಖಾತೆಗೋಸ್ಕರ ತಾಲೂಕಾಫೀಸಿನ ರೆಕಾರ್ಡ್ ರೂಮಿನ ಮುಂದೆ ನಿಂತೋರಿಗೆ ಈ ಕಥೆ ಬಿಡಿಸಿ ಹೇಳಬೇಕಿಲ್ಲ. ಚಾರ್ಟಲ್ಲಿ ಈ ಭಾಗಕ್ಕೇ ನಾನು ಜಾಸ್ತಿ ಜಾಗ ಕೊಡಿಸಿದ್ದು.

ಯೆರೂಸಲೇಮಿನ ಗೋಡೆ ಕಟ್ಟಿಸಿದ ನೆಹೆಮೀಯಂದು ಚಿಕ್ಕದಾಗಿ ಹಾಕ್ಸಿದ್ದೀನಿ, 445ರಲ್ಲಿ ಪರ್ಷಿಯಾದ ರಾಜಧಾನಿ ಶೂಷನಿಂದ ಬಂದಿದ್ದು, ಗೋಡೆ 52 ದಿನಕ್ಕೆ ಮುಗಿಸಿದ್ದು, ಅದು ಎಲ್ರಿಗೂ ಗೊತ್ತಿರೋದೇ. ಆದ್ರೆ ಐದನೇ ಅಧ್ಯಾಯದ ಮಾತು ಬಿಡದೆ ಹಾಕ್ಸಿದೆ, ರಾಜನ ಕಂದಾಯ ಕಟ್ಟೋಕೆ ಹೊಲ ದ್ರಾಕ್ಷೀತೋಟ ಅಡ ಇಟ್ಟು ಮಕ್ಕಳನ್ನ ಜೀತಕ್ಕೆ ಬಿಟ್ಟೀವಿ ಅಂತ ಜನ ಗೋಳಾಡಿದ್ದು. ಪರ್ಷಿಯಾದೋರು ಗುಡಿ ಕಟ್ಟೋಕೆ ಬಿಟ್ರು ನಿಜ, ಕಂದಾಯ ಬಿಡ್ಲಿಲ್ಲ, ದಾವೀದನ ವಂಶದ ರಾಜನನ್ನ ಕೂರಿಸೋಕೂ ಬಿಡ್ಲಿಲ್ಲ. ವಾಪಸ್ ಬರದೆ ಅಲ್ಲೇ ಉಳಿದೋರು ಎಷ್ಟೋ ಜನ, ಬಾಬೆಲಿನ ಸೀಮೆಯ ನಿಪ್ಪೂರಲ್ಲಿ 1893ರಲ್ಲಿ ಸಿಕ್ಕ ಮುರಶೂ ಮನೆತನದ ಲೇವಾದೇವಿ ಹಲಗೆಗಳಲ್ಲಿ ಯೆಹೂದಿ ಹೆಸ್ರುಗಳು ಬರ್ತಾವೆ, ಹೊಲ ಗೇಣಿ ಮಾಡ್ಕೊಂಡು ನೀರಿನ ಕಾಲುವೆ ಪಕ್ಕ ಬದುಕಿದ್ದೋರು. ಅವರೇನು ಕಡಿಮೆ ಭಕ್ತರು ಅಂತ ನಾನು ಹೇಳಲ್ಲ.

ಈಗ ಹೀಬ್ರೂ ಅಕ್ಷರದ ವಿಷ್ಯ. ಕೋರೆಷ ಅನ್ನೋ ಹೆಸ್ರನ್ನ ಹೀಬ್ರೂನಲ್ಲೂ ದೊಡ್ಡದಾಗಿ ಹಾಕ್ಸಿದ್ದೆ, ನಾಲ್ಕೇ ಅಕ್ಷರ. ಡಿಸೈನ್ ಮಾಡೋ ಕೋರಲ್ ಡ್ರಾಗೆ ಪೇಸ್ಟ್ ಮಾಡಿದ ತಕ್ಷಣ ಅದು ಹಿಂದುಮುಂದಾಗಿ ಷ ಮೊದ್ಲು ಕ ಕೊನೆಗೆ ಬಂತು. ಬಲದಿಂದ ಎಡಕ್ಕೆ ಓದೋದು ಅಂದಾಗ ಅವ್ನು ಒಂದೊಂದೇ ಅಕ್ಷರ ಹಿಡಿದು ಜಾಗ ಬದಲಾಯಿಸಿದ. ಆಗ ನಾನು ಹೇಳ್ದೆ, ಈ ಅಕ್ಷರದ ಆಕಾರಾನೂ ಯೆಹೂದ್ಯರದ್ದೇ ಹಳೇದಲ್ಲ, ಪರ್ಷಿಯಾ ಸರ್ಕಾರ ಎಲ್ಲ ಕಡೆ ಕಾಗದಪತ್ರಕ್ಕೆ ಅರಾಮಿಕ್ ಭಾಷೆ ಇಟ್ಕೊಂಡಿತ್ತು, ಆ ಬರವಣಿಗೆಯಿಂದ ಬಂದಿದ್ದು, ಎಜ್ರನ ಪುಸ್ತಕದಲ್ಲೇ ಆ ಪತ್ರಗಳು ಅರಾಮಿಕಲ್ಲೇ ಇದಾವೆ. ಅದೇ ಬರವಣಿಗೆ ಸಾಮ್ರಾಜ್ಯದ ಇನ್ನೊಂದು ತುದಿ ಗಾಂಧಾರಕ್ಕೆ ಹೋಗಿ ಅಲ್ಲಿ ಖರೋಷ್ಠಿ ಲಿಪಿ ಹುಟ್ಟಿತು, ಅದೂ ಬಲದಿಂದ ಎಡಕ್ಕೆ. ಆ ಖರೋಷ್ಠಿ ನಮ್ಮ ಚಿತ್ರದುರ್ಗ ಜಿಲ್ಲೇಲೂ ಐತೆ. ಮೊಳಕಾಲ್ಮೂರು ತಾಲೂಕಿನ ಬ್ರಹ್ಮಗಿರೀಲಿ ಅಶೋಕನ ಶಾಸನದ ಕೊನೇಲಿ, ಬರೆದೋನು ಚಪಡ, ಲಿಪಿಕಾರ ಅಂತ ಸಹಿ ಹಾಕ್ತಾನೆ, ಇಡೀ ಶಾಸನ ಬ್ರಾಹ್ಮೀಲಿ, ಆ ಲಿಪಿಕಾರ ಅನ್ನೋ ಒಂದು ಪದ ಮಾತ್ರ ಖರೋಷ್ಠೀಲಿ. ಲಿಪಿ ಅನ್ನೋ ಪದಾನೇ ಹಳೇ ಪರ್ಷಿಯನ್ನಿನ ದಿಪಿಯಿಂದ ಬಂದಿದ್ದು ಅಂತಾರೆ, ಈಗಿನ ಪಾಕಿಸ್ತಾನದ ಶಹಬಾಜ್‌ಗಢಿಯ ಅಶೋಕನ ಶಾಸನದಲ್ಲಿ ದಿಪಿ ಅಂತಾನೇ ಐತೆ.

ಹುಡುಗ ಮೌಸ್ ಬಿಟ್ಟು ನನ್ನ ಕಡೆ ತಿರುಗ್ದ. ಮೇಡಂ, ನಮ್ಮಮ್ಮನ ಊರು ಬ್ರಹ್ಮಗಿರಿ ಪಕ್ಕದ್ದೇ, ಆ ಬಂಡೆ ಹತ್ರ ಕುರಿ ಮೇಯಿಸಿದೀನಿ ಅಂದ. ಆಮೇಲೆ ನಾನು ಹೇಳದೇನೇ ಚಾರ್ಟಿನ ಕೆಳಗೆ ಬಲಮೂಲೇಲಿ ಒಂದು ಚೌಕ ಬಿಡಿಸಿ, ಗಾಂಧಾರದಿಂದ ಅಲ್ಲಿಗೆ ಚುಕ್ಕಿ ಚುಕ್ಕಿ ಗೆರೆ ಎಳೆದು ಬ್ರಹ್ಮಗಿರಿ ಅಂತ ಬರೆದ. ನನ್ನ ಪ್ಲಾನಲ್ಲಿ ಇರ್ಲಿಲ್ಲ ಅದು. ಈಗ ಇಡೀ ಚಾರ್ಟಲ್ಲಿ ನಂಗೆ ಎಲ್ಲಕ್ಕಿಂತ ಇಷ್ಟ ಆಗಿರೋದು ಆ ಮೂಲೆ.

ಕೊರತೆ ಏನಂದ್ರೆ, ಎರಡು ದಿನ ಲೇಟ್ ಆಯ್ತು, ಶನಿವಾರ ಸಂಜೆ ಅಂದಿದ್ದು ಸೋಮವಾರ ಸಿಕ್ತು, ನಂದು ಒಂದು ಭಾನುವಾರದ ಪಾಠ ಹೋಯ್ತು. ಪರ್ಷಿಯಾ ರಾಜ್ಯಕ್ಕೆ ನೇರಳೆ ಬಣ್ಣ ಕೇಳಿದ್ದೆ, ಬಟ್ಟೆ ಮೇಲೆ ನೀಲಿ ಕಡೆಗೆ ತಿರುಗೈತೆ, ಬಣ್ಣ ಮುಖ್ಯ ಅನ್ನೋರು ಮೊದ್ಲು ಒಂದು ಗೇಣು ಸ್ಯಾಂಪಲ್ ಪೀಸ್ ತೆಗೆಸಿ ನೋಡಿ, ಕೇಳಿದ್ರೆ ಕೊಡ್ತಾರೆ. ಮೆಟ್ಟಿಲು ಕಡಿದು, ವಯಸ್ಸಾದೋರಿಗೆ ಕಷ್ಟ, ಗಾಡಿ ನಿಲ್ಲಿಸೋಕೂ ಜಾಗ ಇಲ್ಲ, ದೂರ ಬಿಟ್ಟು ನಡ್ಕೊಂಡು ಬನ್ನಿ. ಹೊಲಿಗೆ, ಮೂಲೆಯ ಕಣ್ಣು ಎಲ್ಲ ಗಟ್ಟಿ ಹಾಕಿದ್ದಾರೆ, ಒಗೆದ್ರೂ ಬಣ್ಣ ಬಿಟ್ಟಿಲ್ಲ, ಒಂದು ಸಲ ಒಗೆದು ನೋಡೇ ಬರೀತಿದ್ದೀನಿ.

ಕನ್ನಡ ಬರಹ ಜಾಸ್ತಿ ಇರೋ ಕೆಲ್ಸ ಇದ್ರೆ ಯೂನಿಕೋಡಲ್ಲೇ ಟೈಪ್ ಮಾಡಿ ಪೆನ್‌ಡ್ರೈವಲ್ಲಿ ತಗೊಂಡೋಗಿ, ಜೊತೆಗೆ ಒಂದು ಪ್ರಿಂಟೂ ಇರ್ಲಿ ಹೋಲಿಸಿ ನೋಡೋಕೆ, ಬೆಳಿಗ್ಗೆ ಹನ್ನೊಂದರ ಒಳಗೆ ಹೋದ್ರೆ ಹುಡುಗ ಫ್ರೀ ಇರ್ತಾನೆ, ಪಕ್ಕದಲ್ಲಿ ಸ್ಟೂಲ್ ಹಾಕಿ ಕೂರಿಸ್ಕೊಂಡು ಮಾಡಿಸ್ತಾನೆ. ನಾನು ಗುರುವಾರ ಮತ್ತೆ ಹೋಗ್ತಿದೀನಿ, ಪರ್ಷಿಯಾದ ರಾಣಿಯಾದ ಯೆಹೂದಿ ಹುಡುಗಿ ಎಸ್ತೇರಳ ಚಾರ್ಟಿಗೆ.